ಮಡೋಕಾ ಮ್ಯಾಜಿಕಾ 7ನೇ ಎಪಿಸೋಡನ್ನ ನೋಡೋದು ಹೇಗೆ? ಹಿತೋಮಿ ಮೇಲೆ ಕೋಪ ಬಂದೋರಿಗೆ ಒಂದು ಗೈಡ್

ಮಡೋಕಾ ಮ್ಯಾಜಿಕಾ ಅನ್ನೋ ಜಪಾನೀಸ್ ಅನಿಮೆ (ಕಾರ್ಟೂನ್ ಸೀರೀಸ್) ನೋಡೋಕೆ ಶುರು ಮಾಡಿದೋರು 7ನೇ ಎಪಿಸೋಡ್ ಮುಗೀತಿದ್ದ ಹಾಗೇ ಕೇಳೋ ಪ್ರಶ್ನೆಗಳು ಹೆಚ್ಚುಕಮ್ಮಿ ಒಂದೇ ಥರ ಇರ್ತವೆ. ಸಯಾಕಾ ಇಷ್ಟಪಡೋ ಹುಡುಗನ್ನೇ ತಾನೂ ಇಷ್ಟಪಡ್ತೀನಿ ಅಂತಾಳಲ್ಲ, ಹಿತೋಮಿ ಅವಳ ಫ್ರೆಂಡ್ ಆಗಿದ್ಕೊಂಡು ಹಿಂಗ್ ಮಾಡ್ಬೋದಾ? ಸಯಾಕಾ ಆ ಹುಡುಗನ ಹತ್ರ ಹೋಗಿ ಒಂದ್ ಮಾತು ಹೇಳಿದ್ರೆ ಮುಗೀತಿತ್ತಲ್ಲ, ಯಾಕ್ ಹೇಳ್ಲಿಲ್ಲ? ಮೊನ್ನೆ ತನಕ ಕೊಲ್ಲೋಕೆ ಬರ್ತಿದ್ದ ಕ್ಯೋಕೋ ಇವತ್ತು ಸೇಬು ಕೊಡ್ತಾಳಲ್ಲ, ಇದೇನಿದು? ಒಬ್ಬೊಬ್ಬರಿಗೂ ಬಿಡಿಬಿಡಿಯಾಗಿ ಉತ್ತರ ಕೊಡೋ ಬದಲು ಈ ಎಪಿಸೋಡನ್ನ ಯಾವ ಕ್ರಮದಲ್ಲಿ ನೋಡಿದ್ರೆ ಉತ್ತರ ನಿಮಗೇ ಸಿಗುತ್ತೆ ಅಂತ ಇಲ್ಲಿ ಬರೀತಿದೀನಿ. ನನ್ನ ಅಭಿಪ್ರಾಯ ಮೊದಲೇ ಹೇಳಿಬಿಡ್ತೀನಿ, ಈ ಎಪಿಸೋಡಲ್ಲಿ ಎಲ್ಲರಿಗಿಂತ ನೇರವಾಗಿ ನಡ್ಕೊಂಡಿರೋದು ಹಿತೋಮಿ, ಮತ್ತೆ ಸಯಾಕಾಗೆ ಅಷ್ಟೊಂದು ನೋವಾಗೋಕೆ ಅದೇ ಕಾರಣ. ಒಪ್ಪಲೇಬೇಕು ಅಂತಿಲ್ಲ, ಆದ್ರೆ ಕೆಳಗಿನ ಹಂತಗಳನ್ನ ಮಾಡಿ ನೋಡಿ ಆಮೇಲೆ ಜಗಳ ಆಡಿ.

ಸ್ಪಾಯ್ಲರ್ ಎಚ್ಚರಿಕೆ: 1ರಿಂದ 7ರ ತನಕ ಎಲ್ಲಾ ಬರುತ್ತೆ. 8ನೇದರಿಂದ ಮುಂದಿನದು ಒಂದಕ್ಷರಾನೂ ಹೇಳಲ್ಲ.

ಏನೇನು ಬೇಕು

ಟಿವಿ ಸೀರೀಸ್ ಬೇಕು. 2011ರಲ್ಲಿ ಜಪಾನಲ್ಲಿ ಬಂದಿದ್ದು, ಒಟ್ಟು 12 ಎಪಿಸೋಡ್, ಸ್ಟುಡಿಯೋ ಶಾಫ್ಟ್, ನಿರ್ದೇಶಕ ಅಕಿಯುಕಿ ಶಿನ್ಬೋ, ಕಥೆ ಗೆನ್ ಉರೊಬುಚಿ. 2012ರಲ್ಲಿ ಇದನ್ನೇ ಎರಡು ಸಿನಿಮಾ ಮಾಡಿದ್ರು, ಬೇಗ ಮುಗಿಯುತ್ತೆ ಅಂತ ಸುಮಾರು ಜನ ಅದನ್ನೇ ನೋಡ್ತಾರೆ. ಸಿನಿಮಾ ಚೆನ್ನಾಗೇ ಇದೆ, ಆದ್ರೆ ಅದ್ರಲ್ಲಿ ಎಪಿಸೋಡುಗಳು ಒಂದಕ್ಕೊಂದು ಹೊಲ್ಕೊಂಡು ಹೋಗಿರೋದ್ರಿಂದ ಒಂದು ಎಪಿಸೋಡ್ ಎಲ್ಲಿ ಶುರುವಾಗಿ ಎಲ್ಲಿ ನಿಲ್ಲುತ್ತೆ ಅನ್ನೋದೇ ಕೈಗೆ ಸಿಗಲ್ಲ, ಈ ಕೆಲಸಕ್ಕೆ ಅದು ಬೇಡ.

ಜಪಾನೀಸ್ ಆಡಿಯೋ ಇಟ್ಕೊಂಡು ಸಬ್‌ಟೈಟಲ್ ಹಾಕ್ಕೊಳ್ಳಿ. ಮಾತಿನ ಅರ್ಥಕ್ಕಿಂತ ದನಿ ಮುಖ್ಯ ಇಲ್ಲಿ. ಜೊತೆಗೊಂದು ನೋಟ್‌ಬುಕ್ಕು, ಪೆನ್ನು. ಫೋನ್ ನೋಟ್ಸ್ ಆದ್ರೂ ನಡೆಯುತ್ತೆ, ಆದ್ರೆ ಫೋನ್ ಕೈಗೆ ಬಂದ್ರೆ ಅದ್ರಲ್ಲೇ ಮುಳುಗಿಹೋಗ್ತೀವಲ್ಲ, ಅದಕ್ಕೆ ಪೇಪರ್ರೇ ವಾಸಿ.

ಕನಿಷ್ಠ 4, 5, 6ನೇ ಎಪಿಸೋಡು ತಲೇಲಿ ಫ್ರೆಶ್ ಆಗಿರ್ಬೇಕು. ಸುಮಾರು ದಿನ ಆಗಿದ್ರೆ ಅದನ್ನ ಇನ್ನೊಂದ್ಸಲ ನೋಡ್ಕೊಂಡು ಬನ್ನಿ.

ಗೊತ್ತಿರಬೇಕಾದ ಪದಗಳು, ಹೆಸರುಗಳು

ಮ್ಯಾಜಿಕಲ್ ಗರ್ಲ್ ಅಂದ್ರೆ ಸಾಮಾನ್ಯ ಸ್ಕೂಲ್ ಹುಡುಗಿ ಮಾಯಾಶಕ್ತಿ ಪಡ್ಕೊಂಡು ವೇಷ ಬದಲಾಯಿಸಿ ಹೋರಾಡೋ ಕಥೆಗಳ ಪ್ರಕಾರ. ಜಪಾನಲ್ಲಿ 1960ರ ದಶಕದಿಂದಾನೂ ಇದೆ.

ಕ್ಯುಬೇ: ಬಿಳೀ ಪ್ರಾಣಿ, ಬೆಕ್ಕಿನ ಥರ ಕಾಣುತ್ತೆ. ಒಂದು ಆಸೆ ಈಡೇರಿಸಿಕೊಟ್ಟು ಅದಕ್ಕೆ ಬದಲಾಗಿ ಹುಡುಗೀರನ್ನ ಮ್ಯಾಜಿಕಲ್ ಗರ್ಲ್ ಮಾಡುತ್ತೆ. ಇದಕ್ಕೆ ಕಾಂಟ್ರಾಕ್ಟ್ ಅಂತಾರೆ.

ಸೋಲ್ ಜೆಮ್: ಕಾಂಟ್ರಾಕ್ಟ್ ಆದಾಗ ಕೈಗೆ ಬರೋ ಕಲ್ಲು. ಅದು ಬರೀ ಮಾಯಾಶಕ್ತಿಯ ಮೂಲ ಅಂತ ಎಲ್ಲರೂ ಅಂದ್ಕೊಂಡಿರ್ತಾರೆ, 6ನೇ ಎಪಿಸೋಡಲ್ಲಿ ಗೊತ್ತಾಗುತ್ತೆ ಆ ಹುಡುಗಿಯ ಪ್ರಾಣಾನೇ ಕಿತ್ತು ಅದ್ರೊಳಗೆ ಇಟ್ಟಿದಾರೆ ಅಂತ. ಜೆಮ್ಮು ನೂರು ಮೀಟರ್ ದೂರ ಹೋದ್ರೆ ದೇಹ ಹೆಣದ ಥರ ಬಿದ್ಬಿಡುತ್ತೆ.

ವಿಚ್: ಇವರು ಕೊಲ್ಲಬೇಕಾದ ಶತ್ರು. ಸತ್ತಾಗ ಬಿಟ್ಟುಹೋಗೋ ಬೀಜಕ್ಕೆ ಗ್ರೀಫ್ ಸೀಡ್ ಅಂತಾರೆ, ಕಪ್ಪಾಗಿರೋ ಸೋಲ್ ಜೆಮ್ಮನ್ನ ಅದ್ರಿಂದಾನೇ ಕ್ಲೀನ್ ಮಾಡ್ಬೇಕು. ಅಂದ್ರೆ ಮ್ಯಾಜಿಕಲ್ ಗರ್ಲ್‌ಗಳ ಮಧ್ಯೆ ಪೈಪೋಟಿ ಹುಟ್ಟೋಕೆ ಕಾರಣ ಸಿದ್ಧವಾಗೇ ಇದೆ.

ಹೊಸಬರು ಎಡವೋ ಜಾಗ ಇನ್ನೊಂದಿದೆ. ಕ್ಯೋಕೋ, ಕ್ಯೋಸುಕೆ ಎರಡು ಹೆಸರೂ ಗೊಂದಲ ಮಾಡುತ್ತೆ. ಕ್ಯೋಕೋ ಸಕುರಾ ಅಂದ್ರೆ ಕೆಂಪು ಕೂದಲಿನ, ಈಟಿ ಹಿಡಿಯೋ ಹುಡುಗಿ, ಯಾವಾಗ್ಲೂ ಏನಾದ್ರೂ ತಿಂತಾ ಇರ್ತಾಳೆ. ಕ್ಯೋಸುಕೆ ಕಾಮಿಜೋ ಅಂದ್ರೆ ವಯಲಿನ್ ಹುಡುಗ, ಸಯಾಕಾಳ ಬಾಲ್ಯದ ಗೆಳೆಯ. ಅವನ ಕೈ ವಾಸಿಯಾಗ್ಲಿ ಅಂತಾನೇ ಸಯಾಕಾ ಕಾಂಟ್ರಾಕ್ಟ್ ಮಾಡ್ಕೊಂಡಿದ್ದು.

ಹಂತ 1: ಮೊದಲನೇ ಸಲ ನಿಲ್ಲಿಸದೆ ನೋಡಿ

ಪಾಸ್ ಬೇಡ, ನೋಟ್ಸ್ ಬೇಡ. ಇಪ್ಪತ್ನಾಲ್ಕು ನಿಮಿಷ ಅಷ್ಟೇ. ಮುಗಿದ ಮೇಲೆ ಯಾರ ಮೇಲೆ ಕೋಪ ಬಂತು, ಯಾರನ್ನ ನೋಡಿ ಪಾಪ ಅನ್ನಿಸ್ತು ಅಂತ ಎರಡು ಹೆಸರು ಬರೆದಿಡಿ. ಇದನ್ನ ಬಿಟ್ಟು ಮುಂದಕ್ಕೆ ಹೋಗ್ಬೇಡಿ, ಯಾಕಂದ್ರೆ ಎರಡನೇ ಸಲ ನೋಡಿದ್ಮೇಲೆ ನಾನು ಮೊದ್ಲಿಂದಾನೂ ಹಾಗೇ ಅಂದ್ಕೊಂಡಿದ್ದೆ ಅಂತ ಮನಸ್ಸು ಸುಳ್ಳು ಹೇಳೋಕೆ ಶುರು ಮಾಡುತ್ತೆ.

ಹಂತ 2: ಯಾರು ಯಾರ ಹತ್ರ ಏನು ಮುಚ್ಚಿಟ್ಟಿದಾರೆ, ಪಟ್ಟಿ ಮಾಡಿ

ಎರಡನೇ ಸಲ ಶುರು ಮಾಡೋ ಮುಂಚೆ ಪೇಪರಲ್ಲಿ ಮೂರು ಕಾಲಂ ಎಳೀರಿ: ಯಾರು, ಯಾರಿಗೆ, ಏನು. ಕೆಳಗೆ ಎರಡು ಭಾಗ, ಹೇಳಿದ್ದು ಒಂದು, ಹೇಳದೇ ಇದ್ದದ್ದು ಇನ್ನೊಂದು. 7ನೇ ಎಪಿಸೋಡಿಗೆ ಬರೋ ಹೊತ್ತಿಗೇ ಹೇಳದೇ ಇದ್ದದ್ದರ ಪಟ್ಟಿ ಉದ್ದ ಇರುತ್ತೆ. ಸಯಾಕಾ ತನ್ನ ಆಸೆ ಏನು ಅಂತ ಕ್ಯೋಸುಕೆಗೆ ಹೇಳಿಲ್ಲ, ಅವನು ಅದನ್ನ ಪವಾಡ ಅಂದ್ಕೊಂಡಿದಾನೆ. ಕ್ಯೋಸುಕೆ ಆಸ್ಪತ್ರೆಯಿಂದ ಡಿಸ್ಚಾರ್ಜ್ ಆಗಿದ್ದನ್ನ ಸಯಾಕಾಗೆ ಹೇಳಿಲ್ಲ, ಅವಳು ಆಸ್ಪತ್ರೆಗೆ ಹೋದಾಗ್ಲೇ ಗೊತ್ತಾಗೋದು. ಅಲ್ಲಿಂದ ಅವನ ಮನೆ ಮುಂದೆ ಹೋಗಿ ನಿಂತ್ಕೊಂಡು, ಒಳಗಿಂದ ವಯಲಿನ್ ಕೇಳಿಸ್ಕೊಂಡು, ಬೆಲ್ ಒತ್ತದೇ ವಾಪಸ್ ತಿರುಗ್ತಾಳೆ. ಇದು 6ನೇ ಎಪಿಸೋಡ್, ಇನ್ನೂ ಸೋಲ್ ಜೆಮ್ ವಿಷಯ ಗೊತ್ತಾಗಿಲ್ಲ, ಹಿತೋಮಿ ಬಾಯಿ ಬಿಟ್ಟಿಲ್ಲ. ಸಯಾಕಾ ಹೇಳದೇ ಇರೋದಕ್ಕೆ ಹಿತೋಮಿ ಕಾರಣ ಅನ್ನೋರು ಈ ಬೆಲ್ ಒತ್ತದ ಸೀನನ್ನ ಮರ್ತಿರ್ತಾರೆ.

ಎಡವೋ ಜಾಗ: ಮುಚ್ಚಿಟ್ಟಿದ್ದೆಲ್ಲ ಸುಳ್ಳು ಅಂತ ಒಂದೇ ಬುಟ್ಟಿಗೆ ಹಾಕ್ಬೇಡಿ. ಕ್ಯುಬೇ ಮುಚ್ಚಿಟ್ಟಿದ್ದು ಬೇರೆ, ಸಯಾಕಾ ನಾಚಿಕೆಗೋ ಹೆಮ್ಮೆಗೋ ಮುಚ್ಚಿಟ್ಟಿದ್ದು ಬೇರೆ.

ಹಂತ 3: ಕ್ಯುಬೇ ಸೀನಲ್ಲಿ ನೋವಿನ ಮಾತು ಗಮನಿಸಿ

ಎಪಿಸೋಡ್ ಶುರುವಾಗೋದು ಸಯಾಕಾ ರೂಮಲ್ಲಿ. ಪ್ರಾಣ ಕಿತ್ತಿಟ್ಟಿದ್ದನ್ನ ಯಾಕೆ ಹೇಳ್ಲಿಲ್ಲ ಅಂದ್ರೆ ನೀನು ಕೇಳ್ಲಿಲ್ಲವಲ್ಲ ಅನ್ನುತ್ತೆ ಕ್ಯುಬೇ. ಆಮೇಲೆ ಅವಳ ಜೆಮ್ಮನ್ನ ಮುಟ್ಟುತ್ತೆ, ಸಯಾಕಾ ಹೊಟ್ಟೆ ಹಿಡ್ಕೊಂಡು ಬೀಳ್ತಾಳೆ, ಕ್ಯೋಕೋ ಈಟಿ ಚುಚ್ಚಿದಾಗ ನಿಜವಾಗಿ ಇಷ್ಟು ನೋವಾಗಬೇಕಿತ್ತು, ಪ್ರಾಣ ಹೊರಗಿರೋದ್ರಿಂದ ನೀನು ತಡ್ಕೊಂಡೆ, ಬೇಕಿದ್ರೆ ನೋವನ್ನ ಪೂರ್ತಿ ಆಫ್ ಮಾಡ್ಕೋಬೋದು ಅಂತ ವಿವರಿಸುತ್ತೆ. ಇದು ಬರೀ ಮಾಯೆಯ ರೂಲು ಅಂತ ದಾಟಿಹೋಗ್ಬೇಡಿ, ಪೇಪರಲ್ಲಿ ಬರ್ಕೊಂಡು ಸುತ್ತು ಹಾಕಿ, ಹಂತ 7ಕ್ಕೆ ಬೇಕು.

ಹಂತ 4: ಚರ್ಚ್ ಸೀನ್. ಶತ್ರು ಮನಸ್ಸು ಬಿಚ್ಚೋದು ನೋಡಿ

ಸಯಾಕಾ ಸ್ಕೂಲಿಗೆ ಹೋಗದೆ ಮಲಗಿರ್ತಾಳೆ, ಕ್ಯೋಕೋ ಬಂದು ಕರೀತಾಳೆ, ಪಾಳು ಬಿದ್ದ ಚರ್ಚಿಗೆ ಕರ್ಕೊಂಡು ಹೋಗ್ತಾಳೆ. ಇಬ್ಬರೂ 5ನೇ ಎಪಿಸೋಡಲ್ಲಿ ಗಲ್ಲಿಯಲ್ಲಿ ಕತ್ತಿ ಈಟಿ ಹಿಡ್ಕೊಂಡು ಹೊಡೆದಾಡ್ಕೊಂಡೋರು.

ಇಲ್ಲಿ ಸೇಬನ್ನ ಹಿಂಬಾಲಿಸಿ. ಕ್ಯೋಕೋ ಒಂದು ಪೇಪರ್ ಬ್ಯಾಗಲ್ಲಿ ಸೇಬು ತಂದಿರ್ತಾಳೆ, ಒಂದನ್ನ ಸಯಾಕಾಗೆ ಎಸೀತಾಳೆ. ಸಯಾಕಾ ಅದನ್ನ ನೆಲಕ್ಕೆ ಬಿಸಾಕ್ತಾಳೆ. ತಕ್ಷಣ ಕ್ಯೋಕೋ ಅವಳ ಕತ್ತು ಹಿಡೀತಾಳೆ, ಊಟ ವೇಸ್ಟ್ ಮಾಡಿದ್ರೆ ಕೊಂದುಬಿಡ್ತೀನಿ ಅಂತಾಳೆ. ಆ ಕ್ಷಣಕ್ಕೆ ಅದು ಬರೀ ರೌಡಿತನ ಅನ್ನಿಸುತ್ತೆ. ಅವಳು ಕಥೆ ಹೇಳೋಕೆ ಶುರು ಮಾಡಿದ್ಮೇಲೇ ಅರ್ಥ ಆಗೋದು. ಅವಳಪ್ಪ ಇದೇ ಚರ್ಚಲ್ಲಿ ಬೋಧಕ, ಬೆಳಗ್ಗೆ ಪೇಪರ್ ಓದಿ ಲೋಕದ ಕಷ್ಟಕ್ಕೆ ಅಳೋ ಅಂಥ ಮನುಷ್ಯ, ಗ್ರಂಥದಲ್ಲಿ ಇಲ್ಲದ ಮಾತನ್ನೂ ಹೇಳೋಕೆ ಹೋಗಿ ಹೊರಗೆ ಹಾಕಿಸ್ಕೊಂಡ, ಯಾರೂ ಕೇಳೋರಿಲ್ಲ, ಮನೇಲಿ ತುತ್ತು ಅನ್ನಕ್ಕೂ ಗತಿ ಇಲ್ಲ. ಜನ ಅಪ್ಪನ ಮಾತು ಕೇಳ್ಲಿ ಅಂತ ಕ್ಯೋಕೋ ಆಸೆ ಕೇಳ್ಕೊಂಡ್ಳು. ಜನ ಬಂದ್ರು. ಅದು ಮಾಯೆಯಿಂದ ಅಂತ ಅಪ್ಪನಿಗೆ ಗೊತ್ತಾದಾಗ ಮಗಳನ್ನೇ ಜನರನ್ನ ಮರುಳು ಮಾಡೋ ಮಾಟಗಾತಿ ಅಂದ, ಕುಡಿತಕ್ಕೆ ಬಿದ್ದ, ಕೊನೆಗೆ ಮನೆಯೋರನ್ನೂ ಕೊಂದು ತಾನೂ ಸತ್ತ, ಇವಳೊಬ್ಬಳು ಉಳಿದ್ಳು.

ಈಗ ಸೇಬು ಬಿಸಾಕಿದಾಗ ಕತ್ತು ಯಾಕೆ ಹಿಡಿದ್ಳು ಅಂತ ಹೇಳೋದೇ ಬೇಡ.

ಕ್ಯೋಕೋ ಯಾಕೆ ಇದನ್ನೆಲ್ಲ ಹೇಳ್ತಾಳೆ? ಗೆಲ್ಲೋಕಲ್ಲ. ಬೇರೆಯವರಿಗೋಸ್ಕರ ಆಸೆ ಕೇಳ್ಕೊಂಡು ಹಾಳಾದ ಇನ್ನೊಬ್ಬಳು ಎದುರಿಗೆ ಕಾಣ್ತಿದಾಳೆ, ತನ್ನ ಗತಿ ಇವಳಿಗೆ ಬರ್ಬಾರ್ದು ಅಂತ. ನೀನು ಕೊಟ್ಟ ಬೆಲೆ ಜಾಸ್ತಿ ಆಯ್ತು, ಇನ್ನಾದ್ರೂ ನಿನಗೋಸ್ಕರ ಬದುಕು ಅಂತಾಳೆ. ಸಯಾಕಾ ಕೂಡ ಇಲ್ಲಿ ದೊಡ್ಡತನ ತೋರಿಸ್ತಾಳೆ, ನಿನ್ನನ್ನ ತಪ್ಪು ತಿಳ್ಕೊಂಡಿದ್ದೆ ಕ್ಷಮಿಸು ಅಂತ ಬಾಯಿ ಬಿಟ್ಟು ಹೇಳ್ತಾಳೆ. ಆದ್ರೆ ಅಲ್ಲೇ ನಿಲ್ಲಲ್ಲ. ಆ ಸೇಬು ತರೋಕೆ ದುಡ್ಡು ಎಲ್ಲಿಂದ ಬಂತು ಅಂತ ಕೇಳ್ತಾಳೆ. ಕ್ಯೋಕೋ ಹತ್ರ ಉತ್ತರ ಇಲ್ಲ. ಹಾಗಿದ್ರೆ ನಾನು ತಿನ್ನಲ್ಲ ಅಂತ ಎದ್ದು ಹೋಗ್ತಾಳೆ.

ಎಡವೋ ಜಾಗ: ಮನಸ್ಸು ಬಿಚ್ಚಿ ಮಾತಾಡಿದ್ರೆ ಎಲ್ಲಾ ಸರಿಹೋಗುತ್ತೆ ಅನ್ನೋ ಲೆಕ್ಕದಲ್ಲಿ ಈ ಸೀನ್ ನೋಡಿದ್ರೆ ಸಯಾಕಾ ಅಹಂಕಾರಿ ಅನ್ನಿಸ್ತಾಳೆ. ಅವಳು ಕ್ಯೋಕೋನ ನಂಬಿದಾಳೆ, ಅವಳ ನೋವನ್ನ ಒಪ್ಕೊಂಡಿದಾಳೆ, ಒಪ್ಪದೇ ಇರೋದು ಬದುಕೋ ದಾರೀನ ಮಾತ್ರ. ಇಬ್ಬರೂ ನಿಜ ಹೇಳಿ, ಒಬ್ಬರನ್ನೊಬ್ಬರು ಅರ್ಥ ಮಾಡ್ಕೊಂಡು, ಆದ್ರೂ ಎದುರಾಳಿಗಳಾಗೇ ಉಳಿಯೋದು ಈ ಪ್ರಕಾರದಲ್ಲಿ ಅಪರೂಪ, ಅದಕ್ಕೇ ಈ ಸೀನು ನನಗೆ ಇಡೀ ಸೀರೀಸಲ್ಲೇ ಅಚ್ಚುಮೆಚ್ಚು.

ಹಂತ 5: ಹಿತೋಮಿ ಸೀನನ್ನ ಮೂರು ಸಲ ನೋಡಿ

ಮಾರನೇ ದಿನ ಕ್ಯೋಸುಕೆ ಊರುಗೋಲು ಹಿಡ್ಕೊಂಡು ಸ್ಕೂಲಿಗೆ ವಾಪಸ್ ಬಂದಿರ್ತಾನೆ, ಹೋಗಿ ಮಾತಾಡು ಅಂದ್ರೂ ಸಯಾಕಾ ಹೋಗಲ್ಲ. ಸ್ಕೂಲ್ ಮುಗಿದ್ಮೇಲೆ ಹಿತೋಮಿ ಅವಳನ್ನ ಕೂರಿಸ್ಕೊಂಡು ಮಾತು ತೆಗೀತಾಳೆ.

ಮೊದಲ ಸಲ ಹಿತೋಮಿ ಹೇಳೋದನ್ನ ಮಾತ್ರ ಬರ್ಕೊಳ್ಳಿ, ಅದೂ ಬಂದ ಕ್ರಮದಲ್ಲೇ. ನನಗೆ ಸುಮಾರು ದಿನದಿಂದ ಕಾಮಿಜೋ ಮೇಲೆ ಮನಸ್ಸಿದೆ. ನೀನು ಅವನ ಹಳೇ ಪರಿಚಯ ಅಲ್ವಾ, ಬರೀ ಅಷ್ಟೇನಾ? ನಾನು ಇನ್ನು ನನಗೆ ನಾನೇ ಸುಳ್ಳು ಹೇಳ್ಕೊಳ್ಳಲ್ಲ ಅಂತ ತೀರ್ಮಾನ ಮಾಡಿದೀನಿ, ನೀನು ನಿನ್ನ ನಿಜವಾದ ಭಾವನೆಗೆ ಮುಖ ಕೊಟ್ಟು ನಿಲ್ತೀಯಾ? ಎಪಿಸೋಡಿನ ಹೆಸರೂ ಇದೇ ಪ್ರಶ್ನೆ. ಆಮೇಲೆ ಹೇಳ್ತಾಳೆ, ನೀನು ನನ್ನ ಫ್ರೆಂಡು, ಕದ್ದುಮುಚ್ಚಿ ಮುಂದೆ ಹೋಗೋಕೆ ಇಷ್ಟ ಇಲ್ಲ, ಅವನನ್ನ ನನಗಿಂತ ಮುಂಚಿಂದ ನೋಡ್ಕೊಂಡು ಬಂದಿರೋಳು ನೀನು, ಮೊದಲ ಹಕ್ಕು ನಿನ್ನದು. ನಾಳೆ ಸ್ಕೂಲ್ ಮುಗಿದ ಮೇಲೆ ನಾನು ಅವನಿಗೆ ಹೇಳ್ತೀನಿ, ಒಂದು ಪೂರ್ತಿ ದಿನ ಕಾಯ್ತೀನಿ.

ಪೇಪರಲ್ಲಿ ಬರೆದದ್ದನ್ನ ಓದ್ಕೊಳ್ಳಿ. ಇದ್ರಲ್ಲಿ ಸುಳ್ಳು ಯಾವುದು, ಮೋಸ ಯಾವುದು? ಬೆನ್ನಿಗೆ ಚೂರಿ ಹಾಕೋರು ಮುಂಚೆ ಬಂದು ಟೈಮ್ ಹೇಳಿ ಹೋಗ್ತಾರಾ?

ಎರಡನೇ ಸಲ ಸಯಾಕಾ ಮಾತು ಮಾತ್ರ ಬರ್ಕೊಳ್ಳಿ. ಅರ್ಧ ಪುಟಾನೂ ಆಗಲ್ಲ. ಮೊದ್ಲು ನಗ್ತಾ ತಮಾಷೆ ಥರ ತೇಲಿಸೋಕೆ ನೋಡ್ತಾಳೆ, ಹಳೇ ಪರಿಚಯ ಅಷ್ಟೇ ಅಂತ ಅಡ್ಡಗೋಡೆ ಮೇಲೆ ದೀಪ ಇಟ್ಟ ಹಾಗೆ ಮಾತಾಡ್ತಾಳೆ, ನೇರ ಪ್ರಶ್ನೆ ಬಂದಾಗ ಮಾತೇ ನಿಂತುಹೋಗುತ್ತೆ.

ಮೂರನೇ ಸಲ ಹಿತೋಮಿಗೆ ಏನೇನು ಗೊತ್ತಿಲ್ಲ ಅಂತ ಬರೀರಿ. ಸಯಾಕಾ ಮ್ಯಾಜಿಕಲ್ ಗರ್ಲ್ ಅನ್ನೋದು ಗೊತ್ತಿಲ್ಲ. ಕ್ಯೋಸುಕೆ ಕೈ ಯಾರಿಂದ ವಾಸಿಯಾಯ್ತು ಗೊತ್ತಿಲ್ಲ. 4ನೇ ಎಪಿಸೋಡಲ್ಲಿ ತಾನೇ ವಿಚ್ ವಶದಲ್ಲಿ ಸಿಕ್ಕಿಬಿದ್ದಿದ್ದಾಗ ಪ್ರಾಣ ಉಳಿಸಿದ್ದು ಇದೇ ಸಯಾಕಾ ಅನ್ನೋದೂ ಗೊತ್ತಿಲ್ಲ. ಎದುರಿಗೆ ಕೂತಿರೋಳಿಗೆ ತಾನು ಬದುಕಿದೀನಾ ಸತ್ತಿದೀನಾ ಅನ್ನೋದೇ ಅನುಮಾನ ಅಂತ ಹಿತೋಮಿಗೆ ಹೇಗೆ ಗೊತ್ತಾಗ್ಬೇಕು? ಅವಳು ಕೊಟ್ಟ ಒಂದು ದಿನ ಮಾಮೂಲಿ ಸ್ಕೂಲ್ ಹುಡುಗಿಗೆ ಸಾಕಾಗೋ ಅಷ್ಟು ನ್ಯಾಯವಾದ ಅವಕಾಶ. ಸಯಾಕಾ ಈಗ ಮಾಮೂಲಿ ಹುಡುಗಿ ಅಲ್ಲ, ಅದನ್ನ ಹೇಳ್ಕೊಳ್ಳೋ ಹಾಗೂ ಇಲ್ಲ.

ಎಡವೋ ಜಾಗ, ಇದು ತುಂಬಾ ಜನಕ್ಕೆ ಆಗೋದು: ಹಿತೋಮಿಯ ದನಿ ಮೆತ್ತಗೆ, ಅಚ್ಚುಕಟ್ಟಾಗಿ, ಸ್ವಲ್ಪ ಶಿಷ್ಟಾಚಾರದ್ದು, ಅದನ್ನ ಕೇಳಿ ಕಲ್ಲು ಮನಸ್ಸಿನೋಳು ಅಂತ ತೀರ್ಮಾನ ಮಾಡಿಬಿಡ್ತಾರೆ. 1ನೇ ಎಪಿಸೋಡಿಂದ ಅವಳು ಹಾಗೇ ಮಾತಾಡೋದು, ಡ್ಯಾನ್ಸು ಪಿಯಾನೋ ಅಂತ ಕ್ಲಾಸಿಗೆ ಓಡೋ ಶ್ರೀಮಂತರ ಮನೆ ಹುಡುಗಿ. ಕೋಪ ಇಲ್ಲಿಂದ ಹುಟ್ಟಿದ್ಯಾ ಅಂತ ಒಂದ್ಸಲ ಚೆಕ್ ಮಾಡ್ಕೊಳ್ಳಿ.

ಅವಳ ಟೈಮಿಂಗ್ ಕ್ರೂರ ಅಲ್ವಾ ಅಂತ ಕೇಳ್ಬೋದು. ಫಲಿತಾಂಶ ಕ್ರೂರ, ಹೌದು. ಒಂದೇ ದಿನ ಅನ್ನೋದು ಸ್ವಲ್ಪ ಆತುರಾನೂ ಹೌದು. ಆದ್ರೆ ಕ್ರೌರ್ಯ ಬಂದಿದ್ದು ಕಾಂಟ್ರಾಕ್ಟಿಂದ, ಹಿತೋಮಿಯಿಂದ ಅಲ್ಲ.

ಹಂತ 6: ರಾತ್ರಿ ಸೀನ್, ಸಯಾಕಾ ಕೊನೆಗೂ ಬಾಯಿ ಬಿಡೋದು

ಆ ರಾತ್ರಿ ವಿಚ್ ಹುಡುಕೋಕೆ ಹೊರಟ ಸಯಾಕಾಗೆ ಮನೆ ಹೊರಗೆ ಅವಳ ಫ್ರೆಂಡ್, ಕಥೆಯ ನಾಯಕಿ ಮಡೋಕಾ ಕಾಯ್ತಾ ನಿಂತಿರೋದು ಕಾಣುತ್ತೆ. ಮಡೋಕಾ ಏನೂ ಕೇಳಲ್ಲ, ಒಬ್ಬಳೇ ಹೋಗ್ಬೇಡ ಅಂತಾಳೆ ಅಷ್ಟೇ. ಅಷ್ಟಕ್ಕೇ ಸಯಾಕಾ ಕಟ್ಟೆ ಒಡೆಯುತ್ತೆ. ಹಿತೋಮಿನ ಕಾಪಾಡಬಾರದಿತ್ತು ಅಂತ ಒಂದು ಕ್ಷಣ ಅನ್ನಿಸ್ತು, ನಾನು ಮ್ಯಾಜಿಕಲ್ ಗರ್ಲ್ ಆಗೋಕೇ ಲಾಯಕ್ಕಿಲ್ಲ ಅಂತ ಅಳ್ತಾಳೆ. ಕ್ಯೋಸುಕೆನ ಹಿತೋಮಿ ಕರ್ಕೊಂಡು ಹೋಗ್ತಾಳೆ, ನಾನು ಸತ್ತೋಳು, ಇಂಥ ದೇಹ ಇಟ್ಕೊಂಡು ನನ್ನ ಅಪ್ಕೋ ಅಂತ ಹೆಂಗೆ ಕೇಳ್ಲಿ ಅಂತಾಳೆ.

ಯಾಕ್ ಹೇಳ್ಲಿಲ್ಲ ಅನ್ನೋ ಪ್ರಶ್ನೆಗೆ ಉತ್ತರ ಇದು. ಕ್ಯೋಸುಕೆ ಒಲ್ಲೆ ಅಂತಾನೆ ಅನ್ನೋ ಭಯ ಅಲ್ಲ, ಅವನು ಒಪ್ಪಿದ್ರೂ ಕೊಡೋಕೆ ತನ್ನ ಹತ್ರ ಏನೂ ಉಳಿದಿಲ್ಲ ಅನ್ನೋ ನಂಬಿಕೆ. ಆ ನಂಬಿಕೆ ನಿಜಾನಾ ಸುಳ್ಳಾ ಅಂತ ನಿಮ್ಮ ಪೇಪರಲ್ಲಿ ಬರೀರಿ, ನಾನಂತೂ ಸುಳ್ಳು ಅಂತೀನಿ.

ಒಂದು ಮುಖ್ಯವಾದ ವಿಷಯ ಗಮನಿಸಿ. ಹಿತೋಮಿ ತನ್ನ ಮನಸ್ಸಿನ ಮಾತನ್ನ ಸಂಬಂಧಪಟ್ಟೋರಿಗೇ ಹೇಳಿದ್ಳು. ಸಯಾಕಾ ಹೇಳಿದ್ದು ಮಡೋಕಾಗೆ. ಮಡೋಕಾ ತಬ್ಕೊಂಡು ಅಳಬಲ್ಲಳು, ಅದಕ್ಕಿಂತ ಹೆಚ್ಚು ಅವಳ ಕೈಲಿ ಆಗಲ್ಲ.

ಹಂತ 7: ಕೊನೆ ಫೈಟನ್ನ ಸೌಂಡ್ ಜಾಸ್ತಿ ಇಟ್ಟು ನೋಡಿ

ಇಲ್ಲಿ ಬರೋ ವಿಚ್ ಹೆಸರು ಎಲ್ಸಾ ಮಾರಿಯಾ, ಮಂಡಿ ಊರಿ ಪ್ರಾರ್ಥನೆ ಮಾಡ್ತಿರೋ ಹುಡುಗಿಯ ನೆರಳು. ಎಲ್ಲಾ ಕಪ್ಪು ನೆರಳಿನ ಆಟದ ಥರ ಇರುತ್ತೆ, ಮುಖ ಸರಿಯಾಗಿ ಕಾಣಲ್ಲ, ಅದಕ್ಕೇ ಕಿವಿ ಬೇಕು. ಕ್ಯೋಕೋ ಸಹಾಯಕ್ಕೆ ಬರ್ತಾಳೆ, ಸಯಾಕಾ ಬೇಡ ಅಂತ ತಳ್ತಾಳೆ. ಮೈಯೆಲ್ಲ ಗಾಯ ಆಗ್ತಿದ್ರೂ ನಗ್ತಾ ಕತ್ತಿ ಬೀಸ್ತಾನೇ ಇರ್ತಾಳೆ, ಮನಸ್ಸು ಮಾಡಿದ್ರೆ ನೋವು ಪೂರ್ತಿ ಇಲ್ಲದ ಹಾಗೆ ಮಾಡ್ಕೋಬೋದು ಅಂತ. ಹಂತ 3ರಲ್ಲಿ ಸುತ್ತು ಹಾಕಿದ್ದು ಇದಕ್ಕೇ. ಸ್ಕೂಲ್ ಮುಗಿದ್ಮೇಲೆ ಹಿತೋಮಿಯಿಂದ ನಿಜವಾದ ಭಾವನೆಗೆ ಮುಖ ಕೊಡ್ತೀಯಾ ಅನ್ನೋ ಪ್ರಶ್ನೆ ಬಂದಿತ್ತು, ಅದಕ್ಕೆ ಅವಳು ಕೊಟ್ಟ ಉತ್ತರ ಭಾವನೆಯನ್ನೇ ಆಫ್ ಮಾಡ್ಕೊಳ್ಳೋದು. ಸಯಾಕಾಗೆ ದನಿ ಕೊಟ್ಟಿರೋ ಕಿತಾಮುರಾ ಎರಿ ಆ ನಗುವನ್ನ ಕೊಟ್ಟಿರೋ ರೀತಿಗೇ ಜಪಾನೀಸ್ ಆಡಿಯೋ ಬೇಕು ಅಂದಿದ್ದು.

ಪ್ರಾರ್ಥಿಸೋ ಆಕೃತಿನೂ ಚರ್ಚೂ ಒಂದೇ ಎಪಿಸೋಡಲ್ಲಿ ಬರೋದನ್ನೂ ಬರ್ಕೊಳ್ಳಿ, ಆದ್ರೆ ಅದ್ರ ಮೇಲೆ ದೊಡ್ಡ ಥಿಯರಿ ಕಟ್ಟೋಕೆ ಆತುರ ಬೇಡ.

ಹಂತ 8: ಅದೇ ನಿರ್ದೇಶಕನ ಇನ್ನೊಂದು ಸೀರೀಸ್ ಜೊತೆ ಹೋಲಿಸಿ

ಇದು ಬೇಕಿದ್ರೆ ಮಾಡಿ. ಶಿನ್ಬೋ 2004ರಲ್ಲಿ ಮ್ಯಾಜಿಕಲ್ ಗರ್ಲ್ ಲಿರಿಕಲ್ ನನೋಹಾದ ಮೊದಲ ಸೀರೀಸ್ ನಿರ್ದೇಶನ ಮಾಡಿದ್ರು, 13 ಎಪಿಸೋಡ್. ಅಲ್ಲಿ ನನೋಹಾ, ಫೇಟ್ ಇಬ್ಬರೂ ಜ್ಯುಯೆಲ್ ಸೀಡ್ ಅನ್ನೋ ಕಲ್ಲುಗಳಿಗಾಗಿ ಹೊಡೆದಾಡ್ತಾರೆ, ನನೋಹಾ ಹೊಡೆದಾಡ್ತಾನೇ ನಿನ್ನ ಜೊತೆ ಮಾತಾಡ್ಬೇಕು ಅಂತ ಹಠ ಹಿಡೀತಾಳೆ, ಕೊನೇಲಿ ಫ್ರೆಂಡ್ ಆಗೋದು ಹೇಗೆ ಅಂತ ಫೇಟ್ ಕೇಳಿದಾಗ ನನ್ನ ಹೆಸರು ಹಿಡಿದು ಕರಿ ಸಾಕು ಅಂತಾಳೆ. ಅಲ್ಲಿ ನಿಜ ಹೇಳಿದ್ರೆ ಪೈಪೋಟಿ ಕರಗುತ್ತೆ. ಮಡೋಕಾ 7ರಲ್ಲಿ ಹಿತೋಮಿ ನಿಜ ಹೇಳಿದಾಗ್ಲೇ ಪೈಪೋಟಿ ಹುಟ್ಟೋದು. ಎರಡನ್ನೂ ಪಕ್ಕಪಕ್ಕ ಇಟ್ಟು ನೋಡಿದ್ರೆ ಈ ಎಪಿಸೋಡ್ ಪ್ರಕಾರದ ಹಳೇ ನಂಬಿಕೆಯನ್ನ ಎಲ್ಲಿ ತಿರುಗಿಸಿದೆ ಅಂತ ಗೊತ್ತಾಗುತ್ತೆ. ಹಾಗಂತ ನನೋಹಾ ಬರೀ ಮಕ್ಕಳಾಟ ಅಂತ ತಳ್ಳಿಹಾಕ್ಬೇಡಿ, ಫೇಟ್ ಕಥೆಯಲ್ಲೂ ಅಮ್ಮನ ಕೈಲಿ ಅನುಭವಿಸಿದ ನೋವು ಕಮ್ಮಿ ಇಲ್ಲ.

ಬರೆಯೋಕೆ ಕೂತಾಗ

ಹಂತ 1ರಲ್ಲಿ ಬರೆದಿಟ್ಟ ಎರಡು ಹೆಸರು ತೆಗೆದು ನೋಡಿ, ಬದಲಾಗಿದ್ಯಾ ಇಲ್ವಾ ಅನ್ನೋದರಿಂದಾನೇ ನಿಮ್ಮ ರಿವ್ಯೂ ಶುರು ಮಾಡಿ. ಬದಲಾಗದೇ ಇದ್ರೂ ಪರವಾಗಿಲ್ಲ, ಆದ್ರೆ ಹಿತೋಮಿ ಕೆಟ್ಟವಳು ಅಂತ ಬರೀಬೇಕಾದ್ರೆ ಹಂತ 5ರ ಪಟ್ಟಿಯಿಂದ ಅವಳ ಯಾವ ಮಾತು ಕೆಟ್ಟದ್ದು ಅಂತ ತೋರಿಸಿ ಬರೀರಿ. ಕಥೆಯನ್ನ ಮೊದ್ಲಿಂದ ಕೊನೆ ತನಕ ಹೇಳೋಕೆ ಹೋಗ್ಬೇಡಿ, ಓದೋರು ಎಪಿಸೋಡ್ ನೋಡಿರ್ತಾರೆ. ಇಷ್ಟು ಬರೆದು ಮುಗಿಸೋ ತನಕ 8ನೇ ಎಪಿಸೋಡ್ ಓಪನ್ ಮಾಡ್ಬೇಡಿ, ಅದನ್ನ ನೋಡಿದ್ಮೇಲೆ 7ರ ಬಗ್ಗೆ ನಿಮ್ಮ ಮೊದಲ ಅನಿಸಿಕೆ ಏನಿತ್ತು ಅಂತ ನೆನಪಿಟ್ಕೊಳ್ಳೋದು ಕಷ್ಟ.